ಮಗನ್ನ ಕೋಚಿಂಗ್‌ಗೆ ಹಾಕಿಲ್ಲ, ಅವನ ಪಾಡಿಗೆ ಬಿಟ್ಟೀವಿ. ತಪ್ಪು ಮಾಡ್ಲಿಕತ್ತೀವೇನ್ರಿ?

ವಿಜಯಪುರದ ಅವ್ವ (ಪ್ರಶ್ನೆ)

ಎಲ್ಲಾರಿಗೂ ನಮಸ್ಕಾರ್ರಿ. ಭಾಳ ದಿವಸದಿಂದ ಇದು ಮನಸ್ಸಿನ್ಯಾಗ ಕೊರೀಲಿಕತ್ತದ, ಮನ್ಯಾಗ ಯಾರ ಮುಂದ ತಗದ್ರೂ ಜಗಳಾನ ಆಗ್ತದ, ಅದಕ್ಕ ಇಲ್ಲಿ ಬರೀಲಿಕತ್ತೀನಿ. ಉದ್ದ ಆದ್ರ ಕ್ಷಮಿಸ್ರಿ.

ನಾವು ಸೋಲಾಪುರ ರೋಡ್ ಕಡೆ ಇರ್ತೀವಿ. ಒಬ್ಬನ ಮಗ, ಒಂಬತ್ತು ತುಂಬ್ಯಾವ, ನಾಕನೇತ್ತಿ ಮುಗೀತು, ಜೂನ್‌ಗೆ ಐದನೇತ್ತಿ. ನಮ್ಮೂರಾಗ ಈ ವಯಸ್ಸಿನ ಹುಡುಗ್ರ ಗತಿ ಏನಂತ ಇಲ್ಲೇ ಇರೋರಿಗೆ ಹೇಳೂದು ಬ್ಯಾಡ. ಸೈನಿಕ, ನವೋದಯ, ಕಿತ್ತೂರು, ಮೊರಾರ್ಜಿ, ಪರೀಕ್ಷಾ ಬರದು ಆರನೇತ್ತಿಗೆ ಸೇರೋ ಈ ನಾಕು ವಸತಿ ಸಾಲಿ ಹೆಸರು ಕಿವಿಗೆ ಬೀಳಲಾರ್ದ ದಿವಸ ಇಲ್ಲ. ಎಲ್ಲಿ ನೋಡಿದ್ರೂ ಕೋಚಿಂಗ್ ಬೋರ್ಡು, ಕೆಲವರು ಮೂರನೇತ್ತಿಯಿಂದನ ಹಾಸ್ಟೆಲ್‌ನ್ಯಾಗ ಇಟ್ಟು ತಯಾರಿ ಮಾಡಿಸ್ತಾರ. ನಮ್ಮ ಓಣ್ಯಾಗ ಅವನ ವಾರಿಗಿ ಹುಡುಗ್ರು ಐದು ಮಂದಿ ಇದ್ರು, ಸಂಜಿ ಆದ್ರ ಲಗೋರಿ, ಚಿನ್ನಿದಾಂಡು ಅಂತ ಗದ್ದಲ ಇರ್ತಿತ್ತು, ಈಗ ನಾಕೂ ಮಂದಿ ಕೋಚಿಂಗ್‌ಗೆ ಹೋಗಿ ಇವನೊಬ್ಬನ ಕಟ್ಟಿ ಮ್ಯಾಲ ಕೂತಿರ್ತಾನ. ಅದನ್ನ ನೋಡಿದಾಗ ಹೊಟ್ಟ್ಯಾಗ ಸಂಕಟ ಆಗ್ತದ.

ನಾನು ನಮ್ಮ ಯಜಮಾನ್ರು ಅಂವ ಸಣ್ಣಾಂವ ಇದ್ದಾಗ ಮಾತಾಡಿ ಮಾಡಿದ್ದಿದು. ಟ್ಯೂಷನ್ ಬ್ಯಾಡ, ಬಡಿಯೂದು ಬ್ಯಾಡ, ಹೋಂವರ್ಕ್ ಸಲುವಾಗಿ ಕೂಡಿಸಿ ಅಳಸೂದು ಬ್ಯಾಡ. ಸಾಲಿಗೆ ಖುಷಿಲೆ ಹೋಗ್ತಾನ, ಬಂದ ಮ್ಯಾಲ ಅವನ ಹೊತ್ತು ಅವನ್ದು. ಏನ್ ಮಾಡ್ತಾನ ಅಂದ್ರ, ಮೂಲ್ಯಾಗಿನ ಸೈಕಲ್ ಅಂಗಡ್ಯಾಗ ಕೂತು ಪಂಕ್ಚರ್ ತಿದ್ದೂದು ಕಲತಾನ, ಚೈನ್ ಹಾಕ್ತಾನ. ಸೂಟಿ ಬಂತಂದ್ರ ಟಿಕೋಟಾ ಕಡೆ ನಮ್ಮ ತವರುಮನಿಗೆ ಹೋಗ್ತಾನ, ಅಲ್ಲಿ ನಮ್ಮಣ್ಣಂದು ದ್ರಾಕ್ಷಿ ತ್ವಾಟ, ಒಣದ್ರಾಕ್ಷಿ ಶೆಡ್ಡು. ಈ ಸಲ ಬಂದು ನನಗ ಪಾಠ ಹೇಳಿದ, ಹಣ್ಣಿನ ಸಿಹಿ ಅಳಿಯೋ ಬ್ರಿಕ್ಸ್ ಮೀಟರ್ ಗಾಜಿನ ಮ್ಯಾಲ ಒಂದು ಹನಿ ರಸ ಹಾಕಿ ಬೆಳಕಿಗೆ ಹಿಡದು ನೋಡ್ಬೇಕು, ಗೆರಿ 22ರ ಮ್ಯಾಲ ಇದ್ರ ಕೊಯ್ಯಬಹುದು, ಡಿಪ್ಪಿಂಗ್ ಎಣ್ಣಿ ನೀರಾಗ ಅದ್ದಿ ಜಾಳಗಿ ಮ್ಯಾಲ ಹರವಿದ್ರ ಹದಿನೈದು ದಿವಸಕ್ಕ ಒಣಗ್ತದ, ನಾಕು ಕೆಜಿ ಹಸೀದು ಹಾಕಿದ್ರ ಒಂದು ಕೆಜಿ ಒಣದ್ರಾಕ್ಷಿ ಅವ್ವಾ ಅಂತ. ಯಾರೂ ಕೂಡಿಸಿ ಹೇಳಿಕೊಟ್ಟಿಲ್ಲ, ಮಾಮಾನ ಹಿಂದ ತಿರಗಿ ತಿರಗಿ ಕಲತದ್ದು.

ಆದ್ರ ಮಗ್ಗಿ ಏಳರ ತನಕ ಅಷ್ಟ ಬರ್ತದ. ಅಕ್ಷರ ಕೋಳಿ ಕಾಲು. ಕನ್ನಡ ಓದ್ತಾನ, ತಡದು ತಡದು. ಇಂಗ್ಲಿಷ್ ಅಂತೂ ಇನ್ನ ಹಿಡದಿಲ್ಲ. ನೆಗೆಣ್ಣಿ ಮಗ ಹೋದ ವರ್ಷ ಸೈನಿಕ ಶಾಲಿಗೆ ಸೆಲೆಕ್ಟ್ ಆದ, ಆವಾಗಿನಿಂದ ನಮ್ಮತ್ತಿ ದಿನಾ ಒಂದ ಮಾತು, ಹುಡುಗನ್ನ ಬಸವಣ್ಣನ ಹೋರಿ ಬಿಟ್ಟಂಗ ಬಿಟ್ಟೀರಿ, ನಾಳೆ ಅಂವ ನಿಮಗ ಬೈತಾನ ಅಂತ. ನವೋದಯ ಪರೀಕ್ಷಾ ಒಂದ ಸಲ ಅಷ್ಟ ಬರೀಲಿಕ್ಕೆ ಬರ್ತದ, ಆ ವರ್ಷ ಇದ ವರ್ಷ. ಇನ್ನೊಂದು ಕಡೆ ಯಜಮಾನ್ರು ಅನ್‌ಸ್ಕೂಲಿಂಗ್ ಅಂತ ವಿಡಿಯೋ ನೋಡಿ, ಸಾಲೀನ ಬಿಡಿಸಿ ಬಿಡೋಣು, ಮನ್ಯಾಗ ಹೊಲದಾಗ ಕಲೀತಾನ ಅಂತಾರ. ನನಗ ಆ ಕಡೆನೂ ಧೈರ್ಯ ಇಲ್ಲ, ಈ ಕಡೆನೂ ಮನಸ್ಸಿಲ್ಲ.

ಮಕ್ಕಳನ್ನ ಹಿಂಗ ಬಿಟ್ಟು ಬೆಳಸಿದೋರು ಯಾರರ ಇದ್ರ ಹೇಳ್ರಿ. ಎಲ್ಲಿ ತನಕ ಬಿಡಬೇಕು?

ನವನಗರದ ನಿವೃತ್ತ ಮಾಸ್ತರ

ತಂಗಿ, ನಾನು ಬಾಗಲಕೋಟಿ ನವನಗರದಾಗ ಇರ್ತೀನಿ, ಮೂವತ್ತನಾಕು ವರ್ಷ ಸರಕಾರಿ ಪ್ರಾಥಮಿಕ ಶಾಲ್ಯಾಗ ಕೆಲಸ ಮಾಡಿ ರಿಟೈರ್ ಆಗೀನಿ. ಮೊದಲ ಹೇಳ್ತೀನಿ, ನಿಮ್ಮ ಹುಡುಗ ಕೆಟ್ಟಿಲ್ಲ. ಬ್ರಿಕ್ಸ್ ಗೆರಿ ಓದೋ ಒಂಬತ್ತು ವರ್ಷದ ಹುಡುಗನ್ನ ಯಾವ ಮಾಸ್ತರೂ ದಡ್ಡ ಅನ್ನಂಗಿಲ್ಲ.

ಆದ್ರ ಬಿಡೂದು ಅನ್ನೋ ಮಾತಿಗೆ ನಾ ಕಂಡ ಅರ್ಥ ಬ್ಯಾರೆ ಐತಿ. ನಲಿ-ಕಲಿ ಅಂತ ಕೇಳಿರ್ತೀರಿ, 1995ರಾಗ ಮೈಸೂರು ಜಿಲ್ಲಾ ಹೆಚ್.ಡಿ. ಕೋಟಿ ತಾಲೂಕಿನ್ಯಾಗ ಶುರು ಆಗಿದ್ದು, ಅಲ್ಲಿ ಮಾಸ್ತರು ಆಂಧ್ರದ ರಿಷಿ ವ್ಯಾಲಿ ಸಾಲಿಗಳನ್ನ ನೋಡಿ ಬಂದು ಕಟ್ಟಿದ್ದು, ಆಮ್ಯಾಲ ನಮ್ಮ ಕಡೆನೂ ಬಂತು. ಅದ್ರಾಗ ಮಕ್ಕಳು ಸಾಲು ಹಿಡದು ಕೂಡಂಗಿಲ್ಲ, ಕಲಿಕಾ ಏಣಿ ನೋಡಿ ತಮ್ಮ ಕಾರ್ಡು ತಾವ ತಗೊಂಡು ತಮ್ಮ ತಟ್ಟಿಗೆ, ಅಂದ್ರ ತಮ್ಮ ಗುಂಪಿಗೆ, ಹೋಗಿ ಕೂಡ್ತಾವ. ಒಂದು ತಟ್ಟ್ಯಾಗ ಮಾಸ್ತರ ಪೂರ್ತಿ ಜೋಡಿ ಇರ್ತಾನ, ಮುಂದಿನ ತಟ್ಟಿಗೆ ಅರ್ಧ, ಆಮ್ಯಾಲ ಗೆಳ್ಯಾರು ಹೇಳಿಕೊಡ್ತಾರ, ಕಡೀಕ ತಾನ ಒಬ್ಬನ ಮಾಡ್ತಾನ. ಕಬ್ಬಿನ ಗ್ಯಾಂಗಿನ ಜೋಡಿ ಹೋದ ಕೂಸು ಎರಡು ತಿಂಗಳು ಬಿಟ್ಟು ಬಂದ್ರೂ ನಿಂತಿದ್ದ ಕಾರ್ಡಿನಿಂದನ ಮುಂದ ಹೊಂಟಿತ್ತು, ನೀ ಹಿಂದ ಉಳದಿ ಅನ್ನೋ ಮಾತ ಇರ್ಲಿಲ್ಲ. ನೋಡೋರಿಗೆ ಮಾಸ್ತರ ಏನೂ ಮಾಡಾಕತ್ತಿಲ್ಲ ಅನಸ್ತಿತ್ತು, ಊರ ಹಿರ್ಯಾರು ಬಂದು ಇದೇನ್ರಿ ಸಂತಿ ಆಗೈತಲ್ಲ ಅಂದದ್ದೂ ಐತಿ. ಆದ್ರ ಯಾವ ಕೂಸು ಯಾವ ಮೆಟ್ಟಲದಾಗ ಐತಿ, ಎಷ್ಟು ದಿವಸದಿಂದ ಅಲ್ಲೇ ನಿಂತೈತಿ ಅಂತ ನನಗ ದಿನಾ ಗೊತ್ತಿರಬೇಕಾಗಿತ್ತು. ಮುಂದ ನಿಂತು ಕಲಸೋದಕಿಂತ ಅದು ಹೆಚ್ಚು ದಣಿವು ನೋಡವ್ವಾ. ನಲಿ-ಕಲಿ ಕಾರ್ಡು ಬರೇ ಹಂಚಿ ಕುಂತ ಕ್ಲಾಸಿನ್ಯಾಗ ಮಕ್ಕಳು ನಾಕನೇತ್ತಿಗೆ ಬಂದ್ರೂ ಒತ್ತಕ್ಷರ ಓದ್ತಿರಲಿಲ್ಲ, ಅದನ್ನೂ ನನ್ನ ಕಣ್ಣಾರೆ ಕಂಡೀನಿ.

ಅದಕ್ಕ ಎರಡು ಕೆಲಸ ಮಾಡ್ರಿ. ಪರೀಕ್ಷಾ ಅಂತ ಹೇಳಬ್ಯಾಡ್ರಿ. ಪೇಪರಿನ್ಯಾಗಿನ ಒಂದು ಸಣ್ಣ ಸುದ್ದಿ ಓದಿಸಿ, ಏನ್ ಐತಿ ಅದ್ರಾಗ ನನಗ ಹೇಳು ಅನ್ರಿ. ಎರಡನೇದು, ಅವನ ಒಣದ್ರಾಕ್ಷಿ ಲೆಕ್ಕಾನ ಕೊಡ್ರಿ, 130 ಕೆಜಿ ಹಸೀದು ಹಾಕಿದ್ರ ಎಷ್ಟು ಬರ್ತೈತಿ, ಬಾಯಿಲೆನೂ ಹೇಳ್ಲಿ, ಹಾಳಿ ಮ್ಯಾಲನೂ ಬರೀಲಿ. ಏನಾತು ಅಂತ ತಿಳಸ್ರಿ, ಮುಂದಿಂದು ಆಮ್ಯಾಲ ನೋಡೋಣು.

ಇನ್ನೊಂದು, ಶಿಕ್ಷಣ ಹಕ್ಕು ಕಾಯ್ದೆ 2009ರ 28ನೇ ಕಲಮಿನ್ಯಾಗ ಶಾಲಾ ಶಿಕ್ಷಕರು ಖಾಸಗಿ ಟ್ಯೂಷನ್ ಮಾಡಬಾರದು ಅಂತನ ಐತಿ. ಸಾಲ್ಯಾಗ ಕಲಿಸಬೇಕಾದ್ದನ್ನ ಸಾಲ್ಯಾಗ ಕಲಿಸ್ರಿ ಅಂತ ಅದರ ಅರ್ಥ. ನಿಮ್ಮ ಮಗನ ಕ್ಲಾಸ್ ಟೀಚರ್ ಹತ್ರ ಹೋಗಿ ಕೂತು ಮಾತಾಡ್ರಿ, ಕೇಳಾಕ ನಿಮಗ ಹಕ್ಕೈತಿ.

ಟಿಳಕವಾಡಿ ಅಪ್ಪ

ಅಕ್ಕಾರ, ನಾವು ಬೆಳಗಾವಿಯೊಳಗ ಎರಡು ಮಕ್ಕಳನ್ನ ಸಾಲಿಗೆ ಕಳಸಲಾರ್ದ ಬೆಳಸೇವಿ, ಅದಕ್ಕ ನಿಮ್ಮ ಯಜಮಾನ್ರಿಗೆ ನಾ ಉತ್ತರ ಹೇಳಬಹುದು ಅನಸ್ತೈತಿ.

ಈ ಅನ್‌ಸ್ಕೂಲಿಂಗ್ ಅನ್ನೋ ಶಬ್ದ ಅಮೆರಿಕಾದ ಜಾನ್ ಹೋಲ್ಟ್ ಅನ್ನೋರ್ದು. ಅವರೂ ಮಾಸ್ತರ ಇದ್ರು, ಸಾಲಿ ಸುಧಾರಣಿ ಆಗ್ತೈತಿ ಅಂತ ವರ್ಷಾನುಗಟ್ಲೆ ಬರದು ಬರದು, ಕಡೀಕ ಇದು ಆಗೂದಿಲ್ಲ ಅಂತ 1977ರಾಗ ಸಾಲಿ ಇಲ್ಲದನ ಮಕ್ಕಳನ್ನ ಬೆಳಸೋರಿಗಂತ ಒಂದು ಪತ್ರಿಕೆ ಶುರು ಮಾಡಿದ್ರು. ಅದಕ್ಕೂ ಮೊದಲ 1921ರಾಗ ಎ. ಎಸ್. ನೀಲ್ ಶುರು ಮಾಡಿದ ಸಮ್ಮರ್‌ಹಿಲ್ ಸಾಲಿ ಇಂಗ್ಲೆಂಡಿನ್ಯಾಗ ಇನ್ನೂ ನಡದೈತಿ, ಅಲ್ಲಿ ಕ್ಲಾಸಿಗೆ ಹೋಗೂದು ಬಿಡೂದು ಹುಡುಗರ ಮರ್ಜಿ, ಆದ್ರ ಸಾಲಿ ಸಭಾದಾಗ ಎಲ್ಲಾರೂ ಕೂಡಿ ಮಾಡಿದ ನಿಯಮ ಎಲ್ಲಾರೂ ಪಾಲಸಬೇಕು. ಇದೆಲ್ಲಾ ಓದಿ ನಾವು ಹುರುಪಿನ್ಯಾಗ ಶುರು ಮಾಡಿದ್ವಿ.

ನಮ್ಮ ಮಗಳು ಒಂಬತ್ತು ವರ್ಷದ ತನಕ ಓದಲೇ ಇಲ್ರಿ. ಒಂಬತ್ತು! ನನ್ನ ಹೆಂಡತಿ ರಾತ್ರಿ ಅಳತಿದ್ಲು. ಮಾತಿಗೆ ಮಾತ್ರ ಕಡಿಮಿ ಇರಲಿಲ್ಲ, ಮನ್ಯಾಗ ಕನ್ನಡ, ಓಣ್ಯಾಗಿನ ಗೆಳತ್ಯಾರ ಜೋಡಿ ಮರಾಠಿ ಪಟಪಟ ಮಾತಾಡ್ತಿದ್ಲು, ನಾವು ಒಂದು ಶಬ್ದ ಕಲಿಸಿದ್ದಿಲ್ಲ. ಆಮ್ಯಾಲ ಒಂದು ದಿವಸ ಖಡೇಬಜಾರದಾಗ ನಡಕೊಂತ ಹೊಂಟಾಗ ಬೋರ್ಡು ಓದಾಕ ಚಾಲೂ ಮಾಡಿದ್ಲು, ಮೊದಲ ಕನ್ನಡ, ಅದರ ಬಾಜೂಕ ಇದ್ದ ಮರಾಠಿ, ಅದ ಹೆಸರು ಎರಡೂ ಲಿಪ್ಯಾಗ ಇತ್ತಲ್ಲ, ಒಂದರ ಮ್ಯಾಲಿಂದ ಒಂದು ಹಿಡದ್ಲು. ಆರು ತಿಂಗಳದಾಗ ಪೇಪರ್ ಓದಾಕತ್ತಿದ್ಲು. ಈಗ ಹದಿನೈದು, ಎನ್‌ಐಒಎಸ್ ಅನ್ನೋ ಮುಕ್ತ ಶಾಲಾ ಬೋರ್ಡಿನ್ಯಾಗ ಹತ್ತನೇತ್ತಿಗೆ ಹೆಸರು ಹಚ್ಚೇವಿ. ಅದಕ್ಕ 14 ವರ್ಷ ತುಂಬಿರಬೇಕು, ಐದು ವಿಷಯ ಪಾಸ್ ಆಗಬೇಕು, ಎಲ್ಲಾ ಒಮ್ಮೆಲೆ ಬರೀಬೇಕಂತಿಲ್ಲ, ಐದು ವರ್ಷದಾಗ ಒಂಬತ್ತು ಸಲ ಅವಕಾಶ ಕೊಡ್ತಾರ. ಕೇಂದ್ರ ಸರಕಾರದ್ದ ಬೋರ್ಡು.

ಆದ್ರ ಚಲೋದಷ್ಟ ಹೇಳಿದ್ರ ನಿಮಗ ಮೋಸ ಮಾಡಿದಂಗ ಆಗ್ತೈತಿ. ನನ್ನ ಹೆಂಡತಿ ಬ್ಯಾಂಕ್ ನೌಕರಿ ಬಿಟ್ಲು, ಇಲ್ಲಾಂದ್ರ ಇದು ಆಗ್ತನ ಇರಲಿಲ್ಲ. ಮುಂಜಾನೆ ಹತ್ತರಿಂದ ಸಂಜಿ ನಾಕರ ತನಕ ಓಣ್ಯಾಗ ಒಂದು ಹುಡುಗ ಇರೂದಿಲ್ಲ, ಎಲ್ಲಾರೂ ಸಾಲ್ಯಾಗ, ನಿಮ್ಮ ಮಗ ಈಗ ಸಂಜಿಗೆ ಕಟ್ಟಿ ಮ್ಯಾಲ ಒಬ್ಬನ ಕೂಡ್ತಾನ ಅಂದ್ರೆಲ್ಲ, ಸಾಲಿ ಬಿಡಿಸಿದ್ರ ಇಡೀ ದಿವಸ ಹಂಗ ಕೂಡಬೇಕಾಗ್ತೈತಿ. ನಮ್ಮ ಸಣ್ಣ ಮಗ ಹತ್ತು ವರ್ಷದಾಂವ ಇದ್ದಾಗ ತಾನ ಬಂದು ಅಪ್ಪಾ ನನಗ ಸಾಲಿಗೆ ಹಾಕು ಅಂದ. ನನ್ನ ಎದಿಗೆ ಬಡದಂಗ ಆತು. ಆದ್ರ ಅವನ ಮಾತು ಕೇಳ್ತೀವಿ ಅಂತ ತಾನ ಇಷ್ಟು ವರ್ಷ ಹೇಳಿಕೊಂತ ಬಂದಿದ್ವಿ, ಹಾಕಿದ್ವಿ. ಅದ ಶಿಕ್ಷಣ ಹಕ್ಕು ಕಾಯ್ದೆ 4ನೇ ಕಲಮಿನ್ಯಾಗ ಸಾಲಿಗೆ ಹೋಗಲಾರ್ದ ಮಗೂನ್ನ ಅದರ ವಯಸ್ಸಿಗೆ ತಕ್ಕ ಇಯತ್ತಾಕ್ಕ ತಗೋಬೇಕು, ಹಿಂದ ಇದ್ರ ವಿಶೇಷ ತರಬೇತಿ ಕೊಡಬೇಕು ಅಂತೈತಿ, ಹಂಗಾಗಿ ಐದನೇತ್ತಿಗೆ ಸೀದಾ ತಗೊಂಡ್ರು. ಈಗ ಖುಷಿ ಅದಾನ.

ಒಂದು ವ್ಯವಹಾರದ ಮಾತು. ನವೋದಯ ಬರೀಬೇಕಂದ್ರ ಐದನೇತ್ತಿ ಅದ ಜಿಲ್ಲಾದಾಗ ಸರಕಾರಿ ಇಲ್ಲಾ ಮಾನ್ಯತೆ ಇರೋ ಸಾಲ್ಯಾಗ ಕಲೀತಿರಬೇಕು. ಈ ಜೂನ್‌ದಾಗ ಸಾಲಿ ಬಿಡಿಸಿದ್ರಿ ಅಂದ್ರ ಅದು ಕೈತಪ್ಪತೈತಿ ಅಂತ ತಿಳಕೊಂಡ ನಿರ್ಧಾರ ಮಾಡ್ರಿ.

ಹಾಸ್ಟೆಲ್ ಹುಡುಗ

ನಾನು ಎಂಟೂವರೆ ವರ್ಷದವ ಇದ್ದಾಗ ನನ್ನ ಒಂದು ಕೋಚಿಂಗ್ ಹಾಸ್ಟೆಲ್‌ಗೆ ಹಾಕಿದ್ರು, ಹೆಸರು ಹೇಳಂಗಿಲ್ಲ. ಮುಂಜಾನೆ ನಾಕೂವರೆಗೆ ಎಬ್ಬಸ್ತಿದ್ರು, ರಾತ್ರಿ ಹತ್ತರ ತನಕ ಗಣಿತ. ಹೆಸರು ನಮ್ಮೂರ ಸಾಲ್ಯಾಗ ಇತ್ತು, ನಾ ಕೂಡತಿದ್ದಿದ್ದು ಇಲ್ಲಿ. ಎರಡು ವರ್ಷ. ತಪ್ಪಿದ್ರ ಬೆತ್ತ. ಸೈನಿಕ ಶಾಲಿ ಪರೀಕ್ಷಾದಾಗ 300ರಾಗ 150 ಗಣಿತಕ್ಕ ಇರ್ತೈತಿ, ಅದಕ್ಕ ಮಿಕ್ಕಿದ್ದೇನೂ ಓದಿಸ್ತಿರಲಿಲ್ಲ. ನಾ ಸೆಲೆಕ್ಟ್ ಆಗಲಿಲ್ಲ. ಅಪ್ಪ ಕರಕೊಂಡು ಹೋಗಾಕ ಬಂದಾಗ ಬಸ್ಸಿನ್ಯಾಗ ಊರು ಬರೂ ತನಕ ಒಂದು ಮಾತಾಡಲಿಲ್ಲ.

ಈಗ 24 ನನಗ, ಐಟಿಐ ಮಾಡಿ ಚಲೋ ಕೆಲಸದಾಗ ಅದೀನಿ, ಅಪ್ಪನ ಮ್ಯಾಲ ಸಿಟ್ಟಿಲ್ಲ, ಅಂವ ಸಾಲ ಮಾಡಿ ಫೀ ಕಟ್ಟಿದ್ದ. ಆದ್ರ ಇವತ್ತಿಗೂ ನಾಕೂವರೆಗೆ ಎಚ್ಚರ ಆಗ್ತೈತಿ. ನಿಮ್ಮ ಹುಡುಗ ಮನ್ಯಾಗ ಮಲಗ್ಲಿ ಅಕ್ಕಾ. ಅಷ್ಟ ಹೇಳಾಕ ಬರದೆ.

ತಾಂಡಾದಾಕಿ

ಮ್ಯಾಲಿನ ತಮ್ಮಾ ಬರದಿದ್ದು ಓದಿ ಕಣ್ಣಾಗ ನೀರು ಬಂತು. ಆದ್ರೂ ನಾ ಬ್ಯಾರೆ ಮಾತು ಹೇಳಬೇಕು, ತಪ್ಪು ತಿಳೀಬ್ಯಾಡ್ರಿ.

ನಾನು ವಿಜಯಪುರ ಜಿಲ್ಲಾದ ಒಂದು ತಾಂಡಾದಾಕಿ. ನಮ್ಮ ಕಡೆ ಮಕ್ಕಳನ್ನ ಬಿಟ್ಟ ಬೆಳಸ್ತಿದ್ರು, ಅದಕ್ಕ ಯಾರೂ ಚಂದನ ಹೆಸರು ಇಟ್ಟಿರಲಿಲ್ಲ. ಸುಗ್ಗಿ ಮುಗದ ಮ್ಯಾಲ ಅವ್ವ ಅಪ್ಪ ಗೋವಾಕ್ಕೋ ಮಹಾರಾಷ್ಟ್ರಕ್ಕೋ ದುಡ್ಯಾಕ ಹೋಗ್ತಿದ್ರು, ನಾವು ಆಯಿ ಹತ್ರ. ಗಿಡ ಹತ್ತೂದು, ಹಳ್ಳದಾಗ ಈಸೂದು, ಆಡು ಕಾಯೂದು ಎಲ್ಲಾ ಬರ್ತಿತ್ತು, ನಿಮ್ಮ ಮಗನಂಗ ನಾವೂ ಶ್ಯಾಣೇರ ಇದ್ವಿ. ನನ್ನ ಜೋಡಿ ಆಡಿದ ಹನ್ನೊಂದು ಮಂದ್ಯಾಗ ಹತ್ತನೇತ್ತಿ ದಾಟಿದ್ದು ಇಬ್ಬರು. ನಾನು ದಾಟಿದ್ದು ಯಾಕಂದ್ರ ನಮ್ಮ ಸಾಲಿ ಅಕ್ಕೋರು ಒಬ್ರು ನವೋದಯ ಫಾರ್ಮ್ ತಾವ ತುಂಬಿ, ನಾಕು ತಿಂಗಳು ಸಾಲಿ ಬಿಟ್ಟ ಮ್ಯಾಲ ಕೂಡಿಸಿಕೊಂಡು ಕಲಿಸಿದ್ರು, ಒಂದು ಪೈಸಾ ತಗೊಳ್ಳಲಿಲ್ಲ. ನವೋದಯದಾಗ ಮುಕ್ಕಾಲು ಪಾಲು ಸೀಟು ಹಳ್ಳಿ ಮಕ್ಕಳಿಗೆ ಇರ್ತಾವ, ಅದರಾಗ ನನಗೊಂದು ಸಿಕ್ತು. ಈಗ ನರ್ಸ್ ಅದೀನಿ. ಅಕ್ಕೋರು ಹುಡುಗಿ ತಾನ ಕಲೀತಾಳ ಬಿಡು ಅಂದಿದ್ರ ನಾನೂ ಇಷ್ಟೊತ್ತಿಗೆ ಯಾವದೋ ಬಿಲ್ಡಿಂಗಿನ ಮ್ಯಾಲ ಬುಟ್ಟಿ ಹೊರ್ತಿದ್ದೆ.

ಅಕ್ಕಾ, ನಿಮ್ಮ ಮಗ ಬಿದ್ರ ಹಿಡ್ಯಾಕ ನೀವದೀರಿ, ತ್ವಾಟ ಐತಿ, ಮಾಮಾ ಅದಾನ. ಅದಕ್ಕ ನೀವು ಬಿಡಬಹುದು, ಬಿಡ್ರಿ, ತಪ್ಪಿಲ್ಲ. ಆದ್ರ ಪರೀಕ್ಷಾನ ಕೆಟ್ಟದ್ದು ಅನ್ನಬ್ಯಾಡ್ರಿ. ನವೋದಯದ್ದು ಎರಡು ತಾಸಿನ ಪರೀಕ್ಷಾ, 80 ಪ್ರಶ್ನಿ, ಅದ್ರಾಗ 40 ಚಿತ್ರ ನೋಡಿ ಹೊಂದಸೂವು, ಆ ಭಾಗಾನ ಮಕ್ಕಳು ಆಟಾ ಆಡಿದಂಗ ಮಾಡ್ತಾವ. ಸೈಕಲ್ ಚೈನ್ ಹಾಕೋ ಹುಡುಗಗ ಅದು ಸೇರಬಹುದು. ನೀವಿಬ್ರೂ ಕೂತು ಅವನ ಸಲುವಾಗಿ ವಿಚಾರ ಮಾಡಾಕತ್ತೀರಿ, ನಿಮ್ಮತ್ತ್ಯಾರು ವಿಚಾರ ಮಾಡಾಕತ್ತಾರ, ಆ ಹುಡುಗನ್ನ ಯಾರರ ಕೇಳೀರೇನು?

ಬನಹಟ್ಟಿ ಮಗ್ಗದವರು

ತಾಂಡಾದಾಕಿ ಅಕ್ಕಾ ಹೇಳಿದ್ದು ಸರಿ ಐತ್ರಿ. ನಮ್ಮನ್ಯಾಗ ಪವರ್‌ಲೂಮ್ ಅದಾವ. ನನ್ನ ಮಗ ಮಗ್ಗದ ಹತ್ರನ ಬೆಳದಾನ, ಎಳಿ ಕಡದ್ರ ಸಪ್ಪಳದಿಂದನ ಗುರ್ತು ಹಿಡೀತಾನ, ಅದನ್ನ ನೋಡಿ ನಾ ಹೆಮ್ಮಿ ಪಟ್ಟಕೊಂತ ಕುಂತೆ, ಏಳನೇತ್ತಿಗೆ ಬಂದಾಗ ಭಾಗಾಕಾರ ಬರಂಗಿಲ್ಲ ಅಂತ ಗೊತ್ತಾತು. ಕೆಲಸದಾಗಿನ ಲೆಕ್ಕ ಬ್ಯಾರೆ, ಹಾಳಿ ಮ್ಯಾಲಿನ ಲೆಕ್ಕ ಬ್ಯಾರೆ, ಎರಡರ ನಡಕ ಯಾರರ ಸೇತುವಿ ಹಾಕಬೇಕ್ರಿ. ಮಾಸ್ತರ ಹೇಳಿದ 130 ಕೆಜಿ ಲೆಕ್ಕ ಇವತ್ತ ಮಾಡಿಸ್ರಿ, ತಡ ಮಾಡಬ್ಯಾಡ್ರಿ.

ವಿಜಯಪುರದ ಅವ್ವ

ಎಲ್ಲಾರೂ ಇಷ್ಟು ಮನಸ್ಸು ಕೊಟ್ಟು ಬರದೀರಿ, ಎರಡು ದಿವಸ ಓದಿದ್ದ ಓದಿದೆ. ಯಜಮಾನ್ರಿಗೂ ಓದಿಸಿದೆ, ಸಾಲಿ ಬಿಡಸೂ ಮಾತು ಸದ್ಯಕ್ಕ ಬ್ಯಾಡ ಅಂದ್ರು, ಬೆಳಗಾವಿ ಅಣ್ಣಾರ ಮಗನ ಮಾತು ಅವರಿಗೆ ತಟ್ಟಿದಂಗ ಕಾಣಸ್ತದ.

ಮಾಸ್ತರ್ರ, ನಿನ್ನಿ ರಾತ್ರಿ ಊಟ ಆದ ಮ್ಯಾಲ ಲೆಕ್ಕ ಕೊಟ್ಟೆ. 130 ಕೆಜಿ ಅಂದೆ, ಸ್ವಲ್ಪ ಹೊತ್ತು ಮ್ಯಾಲ ನೋಡಿದ, ನೂರಕ್ಕ ಇಪ್ಪತ್ತೈದು, ಮೂವತ್ತಕ್ಕ ಏಳುವರಿ, ಮೂವತ್ತೆರಡುವರಿ ಕೆಜಿ ಅವ್ವಾ ಅಂದ. ನನಗ ಅಷ್ಟು ಲಗೂ ಬಂದಿರಲಿಲ್ಲ. ಹಾಳಿ ಕೊಟ್ಟು ಬರಿ ಅಂದ್ರ 130 ಅಂತ ಬರದು ಪೆನ್ಸಿಲ್ ಕಚ್ಚಿಕೊಂತ ಕುಂತ, ಮುಂದ ಒಂದು ಅಂಕಿ ಇಡಲಿಲ್ಲ. ಪೇಪರ್ ಓದಿಸಿದಾಗ ಇನ್ನೂ ಕಷ್ಟ ಆತು. ಒತ್ತಕ್ಷರ ಬಂದಲ್ಲೆಲ್ಲಾ ನುಂಗತಿದ್ದ, ಮುಗಿಸಿದ ಮ್ಯಾಲ ಏನಿತ್ತು ಅಂದ್ರ ಹೇಳಲಿಕ್ಕೆ ಬರಲಿಲ್ಲ, ಮಾರಿ ಕೆಂಪ ಮಾಡಿಕೊಂಡ. ನಾ ಎಷ್ಟು ದಿವಸದಿಂದ ಅವನ ಓದು ಕೂತು ಕೇಳಿಲ್ಲ ಅಂತ ಆವಾಗ ಹೊಳೀತು. ಬಿಟ್ಟೀವಿ ಬಿಟ್ಟೀವಿ ಅನ್ಕೊಂತ ನೋಡೂದನ್ನೂ ಬಿಟ್ಟಿದ್ದೆ ನಾನು. ಭಾಳ ಕೆಟ್ಟ ಅನಸ್ತು.

ಆಮ್ಯಾಲ ಮಲಗೂ ಮುಂದ ಅವನ ಬಂದು, ಆ ಮೂವತ್ತೆರಡುವರಿ ಹಾಳಿ ಮ್ಯಾಲ ಹೆಂಗ ಬರೀತಾರ ತೋರಸು ಅಂದ. ತೋರಿಸಿದೆ. ಎರಡು ಸಲ ತಪ್ಪಿ ಮೂರನೇದಕ್ಕ ಬಂತು. ಇವತ್ತಿನಿಂದ ರಾತ್ರಿ ಅರ್ಧ ತಾಸು ಅಂವ ಒಂದು ಪುಟ, ನಾ ಒಂದು ಪುಟ ಅಂತ ಓದೂದು ಅಂತ ಮಾತಾಗ್ಯದ. ಸೋಮವಾರ ಟೀಚರ್ ಹತ್ರ ಹೋಗ್ತೀನಿ.

ತಾಂಡಾದ ತಂಗಿ, ನೀವು ಹೇಳಿದಂಗ ಅವನ್ನ ಕೇಳಿದೆ. ಹಾಸ್ಟೆಲ್‌ಗೆ ಹೋಗಂಗಿಲ್ಲ, ಕೋಚಿಂಗ್‌ಗೂ ಹೋಗಂಗಿಲ್ಲ, ಆದ್ರ ಆ ಚಿತ್ರದ ಪ್ರಶ್ನಿ ಹೆಂಗ ಇರ್ತಾವ ನೋಡ್ತೀನಿ ಅಂದಾನ. ನಿಮ್ಮ ಹತ್ರ ಹಳೇ ಪ್ರಶ್ನಿ ಪತ್ರಿಕೆ ಇದ್ರ ಕಳಸ್ತೀರೇನ್ರಿ? ಒಂದಷ್ಟ ಸಾಕು.

ತಾಂಡಾದಾಕಿ

ಇವತ್ತು ನೈಟ್ ಡ್ಯೂಟಿ ಐತ್ರಿ ಅಕ್ಕಾ, ನಾಳೆ ಮುಂಜಾನೆ ಬಂದು ಹುಡುಕಿ ಕಳಸ್ತೀನಿ. ನನ್ನ ತಮ್ಮನ ಮಗಂದು ಹೋದ ವರ್ಷದ್ದು ಇರಬೇಕು. ಉತ್ತರಕ್ಕ ಪೆನ್ಸಿಲಿನ ಗುರುತು ಹಾಕಿರ್ತಾನ, ಅಳಿಸಿ ಕೊಡ್ರಿ ಅವಗ.